ಹೆಲ್ಪ್‌ಡೆಸ್ಕ್ ಸಾಫ್ಟ್‌ವೇರ್‌ನಲ್ಲಿ ಯಾರಿಗೋ ಜಾಸ್ತಿ ಅಧಿಕಾರ ಸಿಕ್ಕಿದೆಯಾ? ಲಕ್ಷಣ ನೋಡಿ ಹುಡುಕುವ ಬಗೆ

ಪುಣೆಯ ಭೋಸರಿ, ಚಾಕಣ ಕಡೆಯ ಕಾರ್ಖಾನೆಗಳಲ್ಲಿ ಐಟಿ ನೋಡಿಕೊಳ್ಳುವವರಲ್ಲಿ ಕಲಬುರಗಿ, ವಿಜಯಪುರ, ಬೆಳಗಾವಿಯಿಂದ ಬಂದ ನಮ್ಮವರು ಬಹಳ ಜನ ಇದ್ದಾರೆ. ಇನ್ನೂರು ಮುನ್ನೂರು ಜನರ ಕಂಪನಿಗೆ ಒಬ್ಬರೋ ಇಬ್ಬರೋ ಐಟಿಯವರು. ಪ್ರಿಂಟರ್‌ನಿಂದ ಸರ್ವರ್‌ವರೆಗೆ ಎಲ್ಲಾ ಅವರ ತಲೆ ಮೇಲೆ. ಟಿಕೆಟ್, ಅಂದರೆ ದೂರು ಅಥವಾ ಬೇಡಿಕೆ, ಹಾಕುವ ಹೆಲ್ಪ್‌ಡೆಸ್ಕ್ ಸಾಫ್ಟ್‌ವೇರ್ ಕೂಡ ಅವರದೇ. ಈ ಬರಹ ಅವರಿಗಾಗಿ.

ಹೆಲ್ಪ್‌ಡೆಸ್ಕ್ ಅಂದರೆ ಬರೀ ದೂರು ಬರೆದುಕೊಳ್ಳುವ ಜಾಗ ಅಂತ ಮೇಲಿನವರು ಅಂದುಕೊಂಡಿರುತ್ತಾರೆ. ಒಳಗೆ ಏನಿದೆ ನೋಡಿ. ಪಾಸ್‌ವರ್ಡ್ ರೀಸೆಟ್ ಅಲ್ಲಿಂದಲೇ. ಎಲ್ಲ ಕಂಪ್ಯೂಟರ್‌ಗಳಿಗೆ ಸಾಫ್ಟ್‌ವೇರ್ ಕಳಿಸುವ ಏಜೆಂಟ್ ಅಲ್ಲಿಂದಲೇ. ನೆಟ್‌ವರ್ಕ್ ಸ್ಕ್ಯಾನ್ ಮಾಡಲು ಉಳಿಸಿಟ್ಟ ಡೊಮೈನ್ ಅಕೌಂಟ್ (ಕಂಪನಿಯ ಇಡೀ ನೆಟ್‌ವರ್ಕ್‌ನಲ್ಲಿ ನಡೆಯುವ ಲಾಗಿನ್) ಅಲ್ಲಿದೆ. ಯಾರಿಗೆ ಯಾವ ಸಿಸ್ಟಮ್‌ನಲ್ಲಿ ಪ್ರವೇಶ ಕೊಡಬೇಕು ಅನ್ನುವ ಅಪ್ರೂವಲ್ ಕೂಡ ಅಲ್ಲೇ ಆಗುತ್ತದೆ. ಸೊಸೈಟಿಯ ವಾಚ್‌ಮನ್ ಕೈಯಲ್ಲಿ ಎಲ್ಲ ಫ್ಲ್ಯಾಟ್‌ಗಳ ಕೀಲಿಗೊಂಚಲು ಇದ್ದ ಹಾಗೆ. ಆ ಗೊಂಚಲು ಕೈ ಬದಲಾದರೆ ಒಂದೊಂದು ಬಾಗಿಲನ್ನೂ ಮುರಿಯಬೇಕಾಗಿಲ್ಲ.

ಕೆಳಗಿನ ಪ್ರತಿ ಲಕ್ಷಣದಲ್ಲೂ ನಾನು ಒಂದೇ ಪ್ರಶ್ನೆ ಕೇಳುತ್ತೇನೆ: ಕಡಿಮೆ ಅಧಿಕಾರದವರು ಬರೆದದ್ದನ್ನು, ಬದಲಿಸಿದ್ದನ್ನು, ಹೆಚ್ಚು ಅಧಿಕಾರದ ಯಾವುದೋ ಒಂದು ಪರೀಕ್ಷಿಸದೆ ನಂಬುತ್ತಿದೆಯಾ? ಉತ್ತರ ಹೌದು ಅಂತಾದರೆ ದೋಷ ಅಲ್ಲೇ ಇದೆ. ಬರೆದದ್ದು ಟಿಕೆಟ್ ಆಗಿರಬಹುದು, ಇಮೇಲ್ ಆಗಿರಬಹುದು, ಪ್ರೊಫೈಲ್‌ನ ಒಂದು ಖಾನೆ ಅಥವಾ ಸರ್ವರ್‌ನ ಒಂದು ಫೈಲ್ ಆಗಿರಬಹುದು.

ಕೈ ಹಾಕುವ ಮೊದಲು

ಪರೀಕ್ಷೆ ಮಾಡಲು ಮ್ಯಾನೇಜರ್‌ ಹತ್ತಿರ ಇಮೇಲ್‌ನಲ್ಲಿ ಅನುಮತಿ ತಗೊಳ್ಳಿ. ಬಾಯಿಮಾತು ಸಾಲದು. ಅನುಮತಿ ಇಲ್ಲದೆ ಇನ್ನೊಬ್ಬರ ಅಕೌಂಟ್ ಅಥವಾ ಡೇಟಾ ಮುಟ್ಟಿದರೆ 2000ದ ಮಾಹಿತಿ ತಂತ್ರಜ್ಞಾನ ಕಾಯ್ದೆಯ ಕಲಂ 43 ಮತ್ತು 66 ನಿಮಗೇ ತಗುಲಬಹುದು, ಉದ್ದೇಶ ಒಳ್ಳೆಯದೇ ಇದ್ದರೂ ವಿವರಣೆ ಕೊಡುತ್ತಾ ಕೂರಬೇಕಾಗುತ್ತದೆ. ಟೆಸ್ಟ್‌ಗೆ ನೀವೇ ಮಾಡಿದ ಅಕೌಂಟ್, ನೀವೇ ಹಾಕಿದ ಟಿಕೆಟ್ ಮಾತ್ರ ಬಳಸಿ.

ಏನನ್ನೂ ಡಿಲೀಟ್ ಮಾಡಬೇಡಿ. ಅನುಮಾನದ ಅಕೌಂಟ್ ಕಂಡರೆ ಅಳಿಸದೆ ನಿಷ್ಕ್ರಿಯ ಮಾಡಿ, ಅದೂ ಸ್ಕ್ರೀನ್‌ಶಾಟ್ ತೆಗೆದ ಮೇಲೆ. ಅಳಿಸಿದರೆ ಅದರ ಹಿಂದಿನ ಚರಿತ್ರೆಯೂ ಹಲವು ಸಲ ಹೋಗಿಬಿಡುತ್ತದೆ.

ಸಮಯದ ವಿಷಯ ಈಗಲೇ ಹೇಳಿಬಿಡುತ್ತೇನೆ. ಕೆಲವು ಲಾಗ್‌ಗಳು (ಯಾವಾಗ ಏನು ನಡೆಯಿತು ಅನ್ನುವ ದಾಖಲೆಗಳು) ಯುಟಿಸಿ, ಅಂದರೆ ಜಾಗತಿಕ ಪ್ರಮಾಣ ಸಮಯದಲ್ಲಿ ಇರುತ್ತವೆ. ನಮ್ಮ ಗಡಿಯಾರ ಅದಕ್ಕಿಂತ ಐದೂವರೆ ಗಂಟೆ ಮುಂದೆ. ಲಾಗ್‌ನಲ್ಲಿ ನಸುಕಿನ 3:30 ಅಂತ ಕಂಡದ್ದು ಇಲ್ಲಿ ಬೆಳಿಗ್ಗೆ 9 ಗಂಟೆ, ಅಂದರೆ ಜನರಲ್ ಶಿಫ್ಟ್‌ನ ಹೊತ್ತು. ಇದನ್ನು ನೋಡದೆ ಯಾರ ಮೇಲೂ ಬೆರಳು ತೋರಿಸಬೇಡಿ.

"ಸರ್, ನನಗೆ ಈ ಮೆನು ಮೊದಲು ಕಾಣ್ತಿರಲಿಲ್ಲ"

ಎಷ್ಟೋ ಸಲ ಮೊದಲ ಸುಳಿವು ಇದೇ. ಸ್ಟೋರ್ಸ್‌ನವರಿಗೆ ಎಚ್‌ಆರ್ ಟಿಕೆಟ್ ಕಾಣುತ್ತದೆ. ಟ್ರೇನಿಗೆ ಸೆಟ್ಟಿಂಗ್ಸ್ ಮೆನು ಕಾಣುತ್ತದೆ. ಬಂದು ಹೇಳಿದವರಿಗೆ ಮೊದಲು ಥ್ಯಾಂಕ್ಸ್ ಹೇಳಿ. ಗದರಿಸಿದರೆ ಮುಂದಿನ ಸಲ ಯಾರೂ ಹೇಳುವುದಿಲ್ಲ.

ಖರ್ಚಿಲ್ಲದ ಮೊದಲ ಪರೀಕ್ಷೆ: ಆ ಮನುಷ್ಯನ ವಿಭಾಗದಲ್ಲೇ, ಅದೇ ರೋಲ್‌ನಲ್ಲಿ (ಏನೇನು ಮಾಡಬಹುದು ಅನ್ನುವ ಹಕ್ಕುಗಳ ಕಟ್ಟು) ಒಂದು ಟೆಸ್ಟ್ ಅಕೌಂಟ್ ಮಾಡಿ. ಬ್ರೌಸರ್‌ನ ಖಾಸಗಿ ಕಿಟಕಿಯಲ್ಲಿ ಲಾಗಿನ್ ಆಗಿ ನೋಡಿ. ಟೆಸ್ಟ್ ಅಕೌಂಟ್‌ಗೆ ಆ ಮೆನು ಕಾಣದಿದ್ದರೆ ಆ ಒಬ್ಬರಿಗೆ ಮಾತ್ರ ಯಾರೋ ರೋಲ್ ಕೊಟ್ಟಿದ್ದಾರೆ ಅಂತ ಅರ್ಥ. ಇಡೀ ವಿಭಾಗಕ್ಕೆ ಕಂಡರೆ ಗ್ರೂಪ್‌ನಲ್ಲಿ ತಪ್ಪಿದೆ. ಕಂಪನಿಯ ಎಲ್ಲರಿಗೂ ಕಂಡರೆ ಹೊಸ ಯೂಸರ್‌ಗೆ ತಾನಾಗಿ ಸಿಗುವ ಡಿಫಾಲ್ಟ್ ರೋಲ್ ನೋಡಿ. ಇತ್ತೀಚೆಗೆ ಅಪ್‌ಡೇಟ್ ಆಗಿದ್ದರೆ ಹೊಸ ಮಾಡ್ಯೂಲ್ ಯಾರ ಯಾರ ಪಾಲಿಗೆ ತೆರೆದುಕೊಂಡಿದೆ ಅಂತಲೂ ನೋಡಿ.

ಗ್ರೂಪ್‌ನ ತಪ್ಪು ಹುಡುಕುವುದು ಸ್ವಲ್ಪ ತಾಳ್ಮೆಯ ಕೆಲಸ. ಆಕ್ಟಿವ್ ಡೈರೆಕ್ಟರಿಯ (ವಿಂಡೋಸ್ ನೆಟ್‌ವರ್ಕ್‌ನ ಯೂಸರ್, ಗ್ರೂಪ್‌ಗಳ ಪಟ್ಟಿ) ಗ್ರೂಪನ್ನು ಹೆಲ್ಪ್‌ಡೆಸ್ಕ್‌ನ ರೋಲ್‌ಗೆ ಜೋಡಿಸಿರುತ್ತೀರಿ, ಅಲ್ವಾ? ಗ್ರೂಪ್ ಒಳಗೆ ಗ್ರೂಪ್ ಇರಬಹುದು. "ಐಟಿ ಸಪೋರ್ಟ್" ಗ್ರೂಪ್‌ನಲ್ಲಿ "ಪ್ಲಾಂಟ್ ಮೇಂಟೆನೆನ್ಸ್" ಅಂತ ಒಂದು ಗ್ರೂಪ್ ಸೇರಿಸಿರುತ್ತಾರೆ, ಯಾವುದೋ ಪ್ರಿಂಟರ್ ಶೇರ್‌ಗಾಗಿ. ಅಲ್ಲಿಗೆ ಮೇಂಟೆನೆನ್ಸ್‌ನ ಫಿಟ್ಟರ್ ಕೂಡ ಟೆಕ್ನಿಷಿಯನ್ ಆದ ಹಾಗೆಯೇ. ಹೆಲ್ಪ್‌ಡೆಸ್ಕ್ ಒಳಗೆ ಎಷ್ಟು ಹುಡುಕಿದರೂ ಇದು ಸಿಗುವುದಿಲ್ಲ, ಡೈರೆಕ್ಟರಿಯಲ್ಲೇ ನೋಡಬೇಕು. ಜಿಎಲ್‌ಪಿಐ ಅನ್ನುವ ಹೆಲ್ಪ್‌ಡೆಸ್ಕ್ ಸಾಫ್ಟ್‌ವೇರ್ ಬಳಸುವವರು ಪ್ರೊಫೈಲ್ (ಅಲ್ಲಿ ರೋಲ್‌ಗೆ ಇರುವ ಹೆಸರು) ಜೊತೆ ಎಂಟಿಟಿಯನ್ನೂ (ಶಾಖೆ, ವಿಭಾಗದಂಥ ಘಟಕ) ನೋಡಿ. ಮೇಲಿನ ಎಂಟಿಟಿಯಲ್ಲಿ ಕೊಟ್ಟ ಹಕ್ಕಿಗೆ "ರಿಕರ್ಸಿವ್" ಅಂತ ಇದ್ದರೆ ಅದು ಕೆಳಗಿನ ಎಲ್ಲ ಶಾಖೆಗಳಿಗೂ ಇಳಿಯುತ್ತದೆ.

ಮೆನು ಮರೆಯಾದರೆ ಸಮಸ್ಯೆ ಮುಗಿಯಿತು ಅಂದುಕೊಳ್ಳಬೇಡಿ. ನಿಮ್ಮ ಅಡ್ಮಿನ್ ಅಕೌಂಟ್‌ನಿಂದ ಒಂದು ಟಿಕೆಟ್ ಹಾಕಿ ಅದರ ವಿಳಾಸ ಕಾಪಿ ಮಾಡಿ, ಟೆಸ್ಟ್ ಅಕೌಂಟ್‌ನ ಅಡ್ರೆಸ್ ಬಾರ್‌ನಲ್ಲಿ ಅಂಟಿಸಿ. ತೆರೆದುಕೊಂಡರೆ ಸಾಫ್ಟ್‌ವೇರ್ ಬಟನ್ ಮಾತ್ರ ಬಚ್ಚಿಟ್ಟಿದೆ, ಬಾಗಿಲಿಗೆ ಬೀಗ ಹಾಕಿಲ್ಲ. ಇದು ನಿಮ್ಮ ಸೆಟ್ಟಿಂಗ್‌ನಿಂದ ಸರಿಹೋಗದೆ ಇರಬಹುದು. ಇನ್ನೊಬ್ಬರ ಟಿಕೆಟ್ ನಂಬರ್ ಹಾಕಿ ನೋಡುವ ಆಸೆ ಬೇಡ, ಸ್ಕ್ರೀನ್‌ಶಾಟ್ ಸಮೇತ ತಯಾರಕರ ಸಪೋರ್ಟ್‌ಗೆ ಬರೆಯಿರಿ.

ಅಡ್ಮಿನ್ ಪಟ್ಟಿಯಲ್ಲಿ ಗೊತ್ತಿಲ್ಲದ ಹೆಸರು

ಅಡ್ಮಿನ್‌ಗಳ ಪಟ್ಟಿ ತೆರೆದು ಒಂದೊಂದೇ ಹೆಸರಿನ ಎದುರು ಮೂರು ವಿಷಯ ಬರೆಯಿರಿ: ಯಾರದು, ಇನ್ನೂ ಕಂಪನಿಯಲ್ಲಿದ್ದಾರಾ, ಕೊನೆಯ ಲಾಗಿನ್ ಯಾವಾಗ. ಹತ್ತು ನಿಮಿಷದ ಕೆಲಸ. ಬಿಟ್ಟು ಹೋದವರ ಹೆಸರು ಸಿಗುತ್ತದೆ. ಸಾಫ್ಟ್‌ವೇರ್ ಹಾಕಿಕೊಟ್ಟ ವೆಂಡರ್‌ನ "ಸಪೋರ್ಟ್" ಅನ್ನುವ ಅಕೌಂಟ್ ಸಿಗುತ್ತದೆ, ಅದರ ಪಾಸ್‌ವರ್ಡ್ ಅವರ ಎಷ್ಟು ಜನರಿಗೆ ಗೊತ್ತೋ ಯಾರಿಗೂ ಗೊತ್ತಿರುವುದಿಲ್ಲ. ಜಿಎಲ್‌ಪಿಐ ಹಾಕಿದಾಗ ನಾಲ್ಕು ಅಕೌಂಟ್ ತಾನಾಗಿ ಬರುತ್ತವೆ, ಅವುಗಳ ಪಾಸ್‌ವರ್ಡ್ ಎಲ್ಲರಿಗೂ ಗೊತ್ತು. ಅವನ್ನು ಬದಲಿಸಿ ಅಂತ ಸಾಫ್ಟ್‌ವೇರ್ ತಾನೇ ಎಚ್ಚರಿಕೆ ತೋರಿಸುತ್ತದೆ. ಆ ಎಚ್ಚರಿಕೆಯನ್ನು ನೋಡಿ ನೋಡಿ ಕಣ್ಣಿಗೆ ರೂಢಿಯಾಗಿಬಿಟ್ಟಿರುತ್ತದೆ, ಅದೇ ತೊಂದರೆ.

ನಿಜವಾಗಿ ಹೊಸ ಹೆಸರು ಸಿಕ್ಕರೆ ಆಡಿಟ್ ಲಾಗ್‌ನಲ್ಲಿ ಆ ರೋಲ್ ಯಾರು ಕೊಟ್ಟರು ನೋಡಿ. ಗೊತ್ತಿರುವವರ ಹೆಸರಿದ್ದರೆ ಫೋನ್ ಮಾಡಿ ಕೇಳಿ, ಅದೇ ಹೆಲ್ಪ್‌ಡೆಸ್ಕ್‌ನ ಮೆಸೇಜ್‌ನಲ್ಲಿ ಬೇಡ. ಅವರು "ನಾನಲ್ಲ" ಅಂದರೆ ಅವರ ಅಕೌಂಟ್ ಬೇರೆಯವರ ಕೈಯಲ್ಲಿದೆ. ಲಾಗ್‌ನಲ್ಲಿ ಯಾರ ಹೆಸರೂ ಇಲ್ಲದೆ ಅಡ್ಮಿನ್ ಹುಟ್ಟಿಕೊಂಡಿದ್ದರೆ ಬದಲಾವಣೆ ನೇರ ಡೇಟಾಬೇಸ್‌ನಲ್ಲೋ ಸರ್ವರ್‌ನಲ್ಲೋ ಆಗಿರುವ ಸಾಧ್ಯತೆ ಜಾಸ್ತಿ. ಅಲ್ಲಿ ನಿಲ್ಲಿಸಿ, ಕೊನೆಯ ಭಾಗಕ್ಕೆ ಹೋಗಿ.

ವಿಂಡೋಸ್ ಸರ್ವರ್‌ನ ಸೆಕ್ಯುರಿಟಿ ಲಾಗ್‌ನಲ್ಲಿ ಇದರ ಜೊತೆಗೇ ನೋಡಬೇಕಾದ ನಂಬರ್‌ಗಳಿವೆ. 4720 ಅಂದರೆ ಹೊಸ ಯೂಸರ್ ಆಗಿದೆ. 4732 ಅಂದರೆ ಆ ಯಂತ್ರದ ಲೋಕಲ್ ಗ್ರೂಪ್‌ಗೆ, 4728 ಅಂದರೆ ಡೊಮೈನ್‌ನ ಗ್ಲೋಬಲ್ ಗ್ರೂಪ್‌ಗೆ ಯಾರನ್ನೋ ಸೇರಿಸಿದ್ದಾರೆ. 1102 ಕಂಡರೆ ಲಾಗನ್ನೇ ಅಳಿಸಿದ್ದಾರೆ. ನೀವು ಅಳಿಸಿಲ್ಲ ಅಂದಮೇಲೆ ಅದಕ್ಕಿಂತ ದೊಡ್ಡ ಸುಳಿವು ಬೇಕಿಲ್ಲ. ಪಿಂಪ್ರಿ, ಭೋಸರಿ ಭಾಗದಲ್ಲಿ ಬಹಳ ಕಾರ್ಖಾನೆಗಳಿಗೆ ಗುರುವಾರ ವಾರದ ರಜೆ. ಗುರುವಾರದ ಸಾಲುಗಳನ್ನು, ಗಣೇಶ ವಿಸರ್ಜನೆಯ ದಿನದ ಸಾಲುಗಳನ್ನು ಬೇರೆ ಮಾಡಿ ಓದಿ. ಯಾರೂ ಇಲ್ಲದ ದಿನ ನಡೆದ ಕೆಲಸ ಬೇಗ ಕಣ್ಣಿಗೆ ಬೀಳುತ್ತದೆ.

ಒಮ್ಮೆಯೂ ಲಾಗಿನ್ ಆಗದ ಅಕೌಂಟ್‌ಗಳನ್ನೂ ಬಿಡಬೇಡಿ. ಜಿರಾ ಸರ್ವಿಸ್ ಮ್ಯಾನೇಜ್‌ಮೆಂಟ್ ಅನ್ನುವ ಹೆಲ್ಪ್‌ಡೆಸ್ಕ್ ಸಾಫ್ಟ್‌ವೇರ್‌ನಲ್ಲಿ 2023ರ ಫೆಬ್ರವರಿಯಲ್ಲಿ ಪ್ರಕಟವಾದ ಸಿವಿಇ-2023-22501 ದೋಷ ಇಂಥವಕ್ಕೇ ಸಂಬಂಧಿಸಿದ್ದು (ಸಿವಿಇ ಅಂದರೆ ಪ್ರಕಟವಾದ ಭದ್ರತಾ ದೋಷಕ್ಕೆ ಕೊಡುವ ಗುರುತಿನ ಸಂಖ್ಯೆ). ಹಾಗೆ ಬಿದ್ದಿದ್ದ ಅಕೌಂಟ್‌ಗೆ ಹೋಗುವ ಸೈನ್‌ಅಪ್ ಟೋಕನ್ (ಅಕೌಂಟ್ ಶುರು ಮಾಡುವ ಗುಪ್ತ ಸಂಕೇತ) ಬೇರೆಯವರ ಕೈಗೆ ಸಿಗಬಹುದಿತ್ತು. ಬಾಟ್‌ಗಳಿಗಾಗಿ ಮಾಡಿಟ್ಟ ಅಕೌಂಟ್‌ಗಳಿಗೆ ಅಪಾಯ ಇನ್ನೂ ಜಾಸ್ತಿ ಇತ್ತು, ಏಕೆಂದರೆ ಅವುಗಳಿಂದ ಯಾರೂ ಲಾಗಿನ್ ಆಗಿಯೇ ಇರುವುದಿಲ್ಲ.

"ನಾನು ಅಪ್ರೂವ್ ಮಾಡೇ ಇಲ್ಲ, ಆದರೂ ಅಪ್ರೂವ್ಡ್ ಅಂತಿದೆ"

ಈ ಲಕ್ಷಣವನ್ನು ನಾನು ಎಲ್ಲಕ್ಕಿಂತ ಗಂಭೀರವಾಗಿ ತಗೊಳ್ಳುತ್ತೇನೆ. ಇಲ್ಲಿ ಯಾವ ಹ್ಯಾಕಿಂಗ್ ಸಾಧನವೂ ಬೇಕಿಲ್ಲ. ಸಾಫ್ಟ್‌ವೇರ್‌ನ ಪ್ರಕಾರ ಎಲ್ಲಾ ಸರಿಯಾಗಿಯೇ ನಡೆದಿರುತ್ತದೆ.

ಮೊದಲು ಸುಲಭದ್ದು. ಆ ಸಾಹೇಬರು ರಜೆಗೆ ಹೋದಾಗ ಬದಲಿಯಾಗಿ ಇನ್ನೊಬ್ಬರನ್ನು ನೇಮಿಸಿ ಹಿಂದಕ್ಕೆ ಪಡೆಯದೆ ಬಿಟ್ಟಿದ್ದಾರಾ ನೋಡಿ. ಎಷ್ಟೋ ದೂರು ಇಲ್ಲಿಗೇ ಮುಗಿಯುತ್ತದೆ.

ಅದಲ್ಲದಿದ್ದರೆ ಟಿಕೆಟ್‌ನ ಹಿಸ್ಟರಿ ತೆರೆಯಿರಿ. ಒಂದು ಉದಾಹರಣೆ ಹಿಡಿದು ನೋಡೋಣ. ಸ್ಟೋರ್ಸ್ ಕ್ಲರ್ಕ್ ಒಬ್ಬ ಇಆರ್‌ಪಿಯಲ್ಲಿ (ಕಂಪನಿಯ ಖರೀದಿ, ಲೆಕ್ಕದ ಸಾಫ್ಟ್‌ವೇರ್) ಪರ್ಚೇಸ್ ಆರ್ಡರ್ ಪಾಸ್ ಮಾಡುವ ಹಕ್ಕು ಬೇಕು ಅಂತ ಟಿಕೆಟ್ ಹಾಕಿದ್ದಾನೆ. 10:42ಕ್ಕೆ ಟಿಕೆಟ್. 10:44ಕ್ಕೆ ರಿಪೋರ್ಟಿಂಗ್ ಮ್ಯಾನೇಜರ್‌ನಿಂದ ಅಪ್ರೂವ್ಡ್. 10:45ಕ್ಕೆ ತಾನಾಗಿ ನಡೆಯುವ ಆಟೊಮೇಶನ್ ರೂಲ್ ಹಕ್ಕು ಕೊಟ್ಟಾಯಿತು. ಟಿಕೆಟ್‌ನಲ್ಲಿ ಎಲ್ಲೂ ಕೊಂಕಿಲ್ಲ. ಈಗ ಕ್ಲರ್ಕ್‌ನ ಯೂಸರ್ ಪ್ರೊಫೈಲ್‌ನ ಹಿಸ್ಟರಿ ನೋಡಿ. 10:40ಕ್ಕೆ ರಿಪೋರ್ಟಿಂಗ್ ಮ್ಯಾನೇಜರ್ ಖಾನೆ ಬದಲಾಗಿದೆ, ಅವನ ಪಕ್ಕದ ಟೇಬಲ್‌ನ ಗೆಳೆಯನ ಹೆಸರಿಗೆ. 10:50ಕ್ಕೆ ಮತ್ತೆ ಮೊದಲಿನಂತೆ ಆಗಿದೆ. ಬದಲಿಸಿದವನು ಕ್ಲರ್ಕ್ ತಾನೇ, ತನ್ನ ಪ್ರೊಫೈಲ್‌ನ ಎಡಿಟ್ ಬಟನ್‌ನಿಂದ.

ಮೊಬೈಲ್ ನಂಬರ್ ತಾವೇ ಬದಲಿಸಿಕೊಳ್ಳಲಿ ಅಂತ ಯಾರೋ ಸ್ವಂತ ಪ್ರೊಫೈಲ್ ಎಡಿಟ್ ಮಾಡುವ ಹಕ್ಕು ಕೊಟ್ಟಿದ್ದರು. ಅದರ ಜೊತೆ ಮ್ಯಾನೇಜರ್, ವಿಭಾಗ, ಹುದ್ದೆ, ಇಮೇಲ್ ಎಲ್ಲವೂ ತೆರೆದುಕೊಂಡವು. ಅಪ್ರೂವಲ್ ರೂಲ್ ಆ ಖಾನೆಯನ್ನೇ ನಂಬಿತು. ಟೆಸ್ಟ್ ಅಕೌಂಟ್‌ನಿಂದ ನಿಮ್ಮಲ್ಲೂ ನೋಡಿ: ಅಪ್ರೂವಲ್‌ಗೆ ಬಳಕೆಯಾಗುವ ಯಾವುದಾದರೂ ಖಾನೆಯನ್ನು ಯೂಸರ್ ತಾನೇ ಬದಲಿಸಬಹುದಾ? ಬದಲಿಸಬಹುದು ಅಂದರೆ ಇವತ್ತೇ ಮುಚ್ಚಿ. ಆ ಖಾನೆಗಳು ಎಚ್‌ಆರ್ ಪಟ್ಟಿಯಿಂದಲೋ ಡೈರೆಕ್ಟರಿಯಿಂದಲೋ ಮಾತ್ರ ಬರಬೇಕು. ಟಿಕೆಟ್ ಹಾಕಿದವನೇ ಅಪ್ರೂವರ್ ಆದರೆ ತಡೆಯುವ ಸೆಟ್ಟಿಂಗ್ ನಿಮ್ಮ ಸಾಫ್ಟ್‌ವೇರ್‌ನಲ್ಲಿ ಇದ್ದರೆ ಅದನ್ನೂ ಆನ್ ಮಾಡಿ.

ಎರಡನೇ ದಾರಿ ಇಮೇಲ್. ಮೇಲ್‌ಗೆ "ಅಪ್ರೂವ್ಡ್" ಅಂತ ಉತ್ತರಿಸಿದರೆ ಸಾಕು ಅನ್ನುವ ಅನುಕೂಲ ಬಹಳ ಕಡೆ ಇದೆ. ಸಾಫ್ಟ್‌ವೇರ್ ಬರೀ ಕಳಿಸಿದವರ ವಿಳಾಸ ನೋಡಿ ನಂಬಿದರೆ ಆ ವಿಳಾಸವನ್ನು ನಕಲು ಮಾಡಬಹುದು. ಬಂದ ಮೇಲ್‌ನ ಪೂರ್ತಿ ಹೆಡರ್ ತೆರೆದು ಎಸ್‌ಪಿಎಫ್, ಡಿಕಿಮ್, ಡಿಮಾರ್ಕ್ (ಮೇಲ್ ನಿಜವಾಗಿ ಆ ವಿಳಾಸದ ಕಡೆಯಿಂದಲೇ ಬಂತಾ ಅನ್ನುವ ಪರೀಕ್ಷೆಗಳು) ಫಲಿತಾಂಶ ಪಾಸ್ ಆಗಿದೆಯಾ ನೋಡಿ. ಫೇಲ್ ಆಗಿದ್ದರೂ ಟಿಕೆಟ್ ಅದನ್ನು ಒಪ್ಪಿಕೊಂಡಿದ್ದರೆ ದೋಷ ಸಿಕ್ಕಿತು. ಹಕ್ಕು ಕೊಡುವ ಟಿಕೆಟ್‌ಗಳಿಗೆ ಮೇಲ್ ಉತ್ತರದ ಅಪ್ರೂವಲ್ ಬಂದ್ ಮಾಡಿ, ಲಾಗಿನ್ ಆಗಿಯೇ ಒತ್ತಲಿ. ಸಾಹೇಬರು ಗೊಣಗುತ್ತಾರೆ. ಗೊಣಗಲಿ, ಇದರಲ್ಲಿ ಬಗ್ಗಬೇಡಿ.

ಮೂರನೆಯದು ಆಟೊಮೇಶನ್ ರೂಲ್. ರೂಲ್‌ಗಳು ಸಾಮಾನ್ಯವಾಗಿ ಅಡ್ಮಿನ್ ಹಕ್ಕಿನಲ್ಲಿ ನಡೆಯುತ್ತವೆ. ಟಿಕೆಟ್‌ನ ಶೀರ್ಷಿಕೆಯಲ್ಲಿ ಇಂಥ ಪದ ಇದ್ದರೆ ಇಂಥ ಗ್ರೂಪ್‌ಗೆ ಸೇರಿಸು ಅಂತ ಯಾರೋ ಬರೆದಿಟ್ಟಿರಬಹುದು. ಶೀರ್ಷಿಕೆ ಬರೆಯುವುದು ಯಾರು? ಯಾರು ಬೇಕಾದರೂ. ಹಕ್ಕು ಕೊಡುವ, ಸ್ಕ್ರಿಪ್ಟ್ ನಡೆಸುವ ರೂಲ್‌ಗಳನ್ನು ಮಾತ್ರ ಬೇರೆ ಪಟ್ಟಿ ಮಾಡಿ ಒಂದೊಂದನ್ನೂ ಓದಿ.

ಕೇಳದೆ ಬಂದ ಪಾಸ್‌ವರ್ಡ್ ರೀಸೆಟ್, ಒಟಿಪಿ ಮೇಲ್

ಒಬ್ಬರಿಗೆ ಬಂದರೆ ಯಾರೋ ತಪ್ಪಾಗಿ ಟೈಪ್ ಮಾಡಿರಬಹುದು. ಒಂದೇ ದಿನ ಅಡ್ಮಿನ್‌ಗಳಿಗಷ್ಟೇ ಬಂದರೆ ಯಾರೋ ಆರಿಸಿ ಪ್ರಯತ್ನ ಮಾಡುತ್ತಿದ್ದಾರೆ. ಎರಡು ಹಂತದ ಲಾಗಿನ್ ಎಲ್ಲ ಟೆಕ್ನಿಷಿಯನ್‌ಗಳಿಗೂ ಆನ್ ಇದೆಯಾ ನೋಡಿ.

ಹೆಲ್ಪ್‌ಡೆಸ್ಕ್‌ನ ಸ್ವಂತ ಮೇಲ್ ವಿಳಾಸಕ್ಕೆ ಹೊರಗಿನ ಸೇವೆಗಳಿಂದ ವೆರಿಫಿಕೇಶನ್ ಮೇಲ್ ಬಂದು ಟಿಕೆಟ್ ಆಗಿದೆಯಾ? 2017ರಲ್ಲಿ ಬೆಲ್ಜಿಯಂನ ಭದ್ರತಾ ಸಂಶೋಧಕರೊಬ್ಬರು ತೋರಿಸಿದ ದಾರಿ ಇದು. ಕಂಪನಿಯ ಸಪೋರ್ಟ್ ವಿಳಾಸದಿಂದ ಚಾಟ್ ಸೇವೆಗೆ ಹೆಸರು ನೋಂದಾಯಿಸಿದರೆ ಆ ಲಿಂಕ್ ಟಿಕೆಟ್ ಒಳಗೆ ಬಂದು ಬೀಳುತ್ತದೆ, ಹೊರಗಿನವರು ಅದನ್ನು ಓದಿ ಕಂಪನಿಯ ಒಳಚಾಟ್‌ಗೆ ನುಗ್ಗಬಹುದು. ಚಾಟ್‌ಗೆ ಸೇರಲು ನಮ್ಮ ಡೊಮೈನ್‌ನ ಮೇಲ್ ಇದ್ದರೆ ಸಾಕು ಅನ್ನುವ ಸೆಟ್ಟಿಂಗ್ ಇದ್ದರೆ ತೆಗೆಯಿರಿ.

ಫೋನ್‌ನಲ್ಲಿ ರೀಸೆಟ್ ಕೇಳಿದವರಿಗೆ ದನಿ ಗುರುತಿನ ಮೇಲೆ ಕೊಡಬೇಡಿ. ರೆಕಾರ್ಡ್‌ನಲ್ಲಿರುವ ನಂಬರ್‌ಗೆ ನೀವೇ ತಿರುಗಿ ಕರೆ ಮಾಡಿ. ಬ್ರಿಟನ್‌ನ ಮಾರ್ಕ್ಸ್ ಅಂಡ್ ಸ್ಪೆನ್ಸರ್ 2025ರಲ್ಲಿ ದೊಡ್ಡ ದಾಳಿಗೆ ಸಿಕ್ಕಿತು. ಬೇರೆಯವರ ಸೋಗು ಹಾಕಿದ್ದೇ ಒಳಹೊಕ್ಕ ದಾರಿ ಅಂತ ಅದರ ಅಧ್ಯಕ್ಷರು ಸಂಸದರ ಮುಂದೆ ಹೇಳಿದರು.

ಟಿಕೆಟ್ ತೆರೆದಾಗ ಪುಟ ವಿಚಿತ್ರವಾಗಿ ಆಡುತ್ತದೆ

ಕಿಟಕಿ ತಾನಾಗಿ ತೆರೆದುಕೊಳ್ಳುವುದು, ಇದ್ದಕ್ಕಿದ್ದಂತೆ ಲಾಗಿನ್ ಪುಟ ಬರುವುದು, ನೀವು ಮಾಡದ ಬದಲಾವಣೆ ನಿಮ್ಮ ಹೆಸರಲ್ಲಿ ಲಾಗ್‌ನಲ್ಲಿ ಕಾಣುವುದು. ಟಿಕೆಟ್‌ನ ವಿವರಣೆಯಲ್ಲಿ ಸ್ಕ್ರಿಪ್ಟ್ ಅಡಗಿಸಿದರೆ ಅದು ಓದುವವರ ಹಕ್ಕಿನಲ್ಲಿ ನಡೆಯುತ್ತದೆ. ಆ ಲಾಗಿನ್ ಪುಟದಲ್ಲಿ ಪಾಸ್‌ವರ್ಡ್ ಹಾಕಬೇಡಿ. ಎಲ್ಲ ಸೆಶನ್‌ಗಳನ್ನೂ ಲಾಗ್‌ಔಟ್ ಮಾಡಿ, ಆ ಟಿಕೆಟ್ ಮತ್ತೆ ತೆರೆಯಬೇಡಿ, ಆವೃತ್ತಿ ಹಳೆಯದಾ ನೋಡಿ. ದಿನದ ಟಿಕೆಟ್ ಕೆಲಸಕ್ಕೆ ಸಾಧಾರಣ ಅಕೌಂಟ್, ಸೆಟ್ಟಿಂಗ್ ಬದಲಿಸಲು ಬೇರೆ ಅಕೌಂಟ್ ಇಟ್ಟುಕೊಂಡರೆ ಈ ದಾರಿ ಬಹಳ ಮಟ್ಟಿಗೆ ಸೊರಗುತ್ತದೆ.

ಸರ್ವರ್‌ನಲ್ಲಿ ಗುರುತಿಲ್ಲದ ಸರ್ವಿಸ್, ಅಥವಾ ಸಾಧಾರಣ ಯೂಸರ್ ದಿಢೀರ್ ಲೋಕಲ್ ಅಡ್ಮಿನ್

ಇಲ್ಲಿಂದ ಕೆಲಸ ಆಳದ್ದು. ಬ್ಯಾಕಪ್ ಇಲ್ಲದೆ ಮುಂದುವರಿಯಬೇಡಿ. ಕೆಲಸದ ಹೊತ್ತಲ್ಲಿ ಏನನ್ನೂ ಬದಲಿಸಬೇಡಿ.

ಸರ್ವಿಸ್ ಅಂದರೆ ಹಿನ್ನೆಲೆಯಲ್ಲಿ ಸದಾ ನಡೆಯುವ ಪ್ರೋಗ್ರಾಂ. ವಿಂಡೋಸ್‌ನಲ್ಲಿ ಸರ್ವಿಸಸ್ ಕಿಟಕಿ ತೆರೆದು "ಲಾಗ್ ಆನ್ ಆ್ಯಸ್" ಕಾಲಂ ನೋಡಿ. ಹೆಲ್ಪ್‌ಡೆಸ್ಕ್ ಎದುರು "ಲೋಕಲ್ ಸಿಸ್ಟಮ್" ಅಂತ ಇದ್ದರೆ ಆ ಸಾಫ್ಟ್‌ವೇರ್‌ನ ಒಂದು ತೂತು ಇಡೀ ಯಂತ್ರದ ಮೇಲಿನ ಪೂರ್ತಿ ಅಧಿಕಾರ ಆಗುತ್ತದೆ. ಡೊಮೈನ್ ಅಡ್ಮಿನ್ ಹೆಸರಿದ್ದರೆ ಪೂರ್ತಿ ಕಂಪನಿಯೇ ಹೋದ ಹಾಗೆ. ಮ್ಯಾನೇಜ್‌ಎಂಜಿನ್‌ನ ಹೆಲ್ಪ್‌ಡೆಸ್ಕ್ ಸಾಫ್ಟ್‌ವೇರ್ ಸರ್ವಿಸ್‌ಡೆಸ್ಕ್ ಪ್ಲಸ್‌ನಲ್ಲಿ 2021ರಲ್ಲಿ ಸಿವಿಇ-2021-44077 ಅನ್ನುವ ದೋಷ ಇತ್ತು. ಲಾಗಿನ್ ಇಲ್ಲದೆಯೇ ಸರ್ವರ್‌ನಲ್ಲಿ ಕೋಡ್ ನಡೆಸಬಹುದಿತ್ತು. 11306ಕ್ಕಿಂತ ಹಳೆಯ ಬಿಲ್ಡ್‌ಗಳಿಗೆ ಅಪಾಯ. ಸೆಪ್ಟೆಂಬರ್‌ನಲ್ಲೇ ಪ್ಯಾಚ್ (ದೋಷ ಸರಿಪಡಿಸುವ ಅಪ್‌ಡೇಟ್) ಬಂದಿತ್ತು, ಡಿಸೆಂಬರ್‌ನಲ್ಲೂ ಅಮೆರಿಕದ ಎಫ್‌ಬಿಐ ಮತ್ತು ಸೈಬರ್ ಭದ್ರತಾ ಸಂಸ್ಥೆ ಸಿಸಾ ಸೇರಿ ಎಚ್ಚರಿಕೆ ಕೊಡಬೇಕಾಯಿತು. ಆಮೇಲೆ ಬಂದ ಸಿವಿಇ-2022-47966 ಸ್ಯಾಮ್ಲ್ ಲಾಗಿನ್‌ಗೆ (ಒಂದೇ ಲಾಗಿನ್‌ನಿಂದ ಹಲವು ಸಾಫ್ಟ್‌ವೇರ್ ತೆರೆಯುವ ವ್ಯವಸ್ಥೆ) ಸಂಬಂಧಿಸಿದ್ದು. ಅದೇ ಕಂಪನಿಯ ಕೆಲವು ಉತ್ಪನ್ನಗಳಲ್ಲಿ ಸ್ಯಾಮ್ಲ್ ಹಿಂದೆ ಒಮ್ಮೆ ಆನ್ ಆಗಿ ಈಗ ಆಫ್ ಇದ್ದರೂ ಅಪಾಯ ಇತ್ತು. ಜಿಎಲ್‌ಪಿಐನಲ್ಲಿ 2022ರ ಸಿವಿಇ-2022-35914 ದೋಷ 10.0.3 ಮತ್ತು 9.5.9ರಲ್ಲಿ ಸರಿಯಾಯಿತು. ನಿಮ್ಮ ಆವೃತ್ತಿ ಇವಕ್ಕಿಂತ ಹಳೆಯದಿದ್ದು ಸರ್ವರ್ ಇಂಟರ್‌ನೆಟ್‌ಗೆ ತೆರೆದಿದ್ದರೆ ಈಗಾಗಲೇ ಯಾರೋ ಒಳಬಂದಿರಬಹುದು ಅಂತಲೇ ಹಿಡಿದು ಪರೀಕ್ಷೆ ಮಾಡಿ.

ಈಗ ಫೋಲ್ಡರ್. ಸಾಫ್ಟ್‌ವೇರ್ ಇರುವ ಫೋಲ್ಡರ್ ಮೇಲೆ ರೈಟ್ ಕ್ಲಿಕ್, ಪ್ರಾಪರ್ಟೀಸ್, ಸೆಕ್ಯುರಿಟಿ ಟ್ಯಾಬ್. "ಯೂಸರ್ಸ್", "ಎವ್ರಿವನ್" ಅಥವಾ "ಆಥೆಂಟಿಕೇಟೆಡ್ ಯೂಸರ್ಸ್" ಎದುರು "ಮಾಡಿಫೈ" ಅಥವಾ "ರೈಟ್" ಟಿಕ್ ಆಗಿದೆಯಾ? ಪ್ರೋಗ್ರಾಂ ಫೈಲ್ಸ್ ಬಿಟ್ಟು ನೇರ ಸಿ ಡ್ರೈವ್‌ನ ಕೆಳಗೇ ಫೋಲ್ಡರ್ ಮಾಡಿದರೆ ವಿಂಡೋಸ್ ಸಾಧಾರಣವಾಗಿ ಲಾಗಿನ್ ಆದವರಿಗೆಲ್ಲ ಬದಲಿಸುವ ಹಕ್ಕು ಇಳಿಸುತ್ತದೆ. ಸಾಫ್ಟ್‌ವೇರ್‌ನ ಇನ್‌ಸ್ಟಾಲರ್ ಅದನ್ನು ಬಿಗಿ ಮಾಡದಿದ್ದರೆ ಯಾರು ಬೇಕಾದರೂ ಒಂದು ಫೈಲ್ ಬದಲಿಸಿಡಬಹುದು, ಸರ್ವಿಸ್ ಮತ್ತೆ ಶುರುವಾದಾಗ ಅದು ಸಿಸ್ಟಮ್ ಹಕ್ಕಿನಲ್ಲಿ ನಡೆಯುತ್ತದೆ. ಎಲ್ಲ ಕಂಪ್ಯೂಟರ್‌ಗಳಲ್ಲಿರುವ ಏಜೆಂಟ್‌ನ ಫೋಲ್ಡರನ್ನೂ ಹೀಗೇ ನೋಡಿ. ಫೈಲ್ ಬದಲಿಸಿ ಪರೀಕ್ಷೆ ಮಾಡುವ ಸಾಹಸ ಬೇಡ, ಟ್ಯಾಬ್‌ನಲ್ಲಿ ಕಂಡದ್ದೇ ಸಾಕು. ಸರಿಪಡಿಸುವಾಗ ಸಾಧಾರಣ ಯೂಸರ್‌ಗೆ ಓದುವ, ನಡೆಸುವ ಹಕ್ಕು ಮಾತ್ರ ಬಿಡಿ. ಸರ್ವಿಸ್‌ನ ಅಕೌಂಟ್‌ಗೆ ಲಾಗ್ ಮತ್ತು ಡೇಟಾ ಫೋಲ್ಡರ್‌ನಲ್ಲಿ ಬರೆಯುವ ಹಕ್ಕು ಉಳಿಯಬೇಕು, ಇಲ್ಲದಿದ್ದರೆ ಬೆಳಿಗ್ಗೆ ಹೆಲ್ಪ್‌ಡೆಸ್ಕೇ ಏಳುವುದಿಲ್ಲ.

ಸಿಸ್ಟಮ್ ಲಾಗ್‌ನ 7045 ಹೊಸ ಸರ್ವಿಸ್ ಹಾಕಿದ್ದನ್ನು ಹೇಳುತ್ತದೆ. ನೀವು ಏನನ್ನೂ ಹಾಕದ ದಿನ ಅದು ಕಂಡರೆ, ಫೈಲ್ ಟೆಂಪ್ ಫೋಲ್ಡರ್‌ನಲ್ಲಿದ್ದರೆ, ಅಲ್ಲಿಗೇ ನಿಲ್ಲಿಸಿ.

ಲಿನಕ್ಸ್ ಸರ್ವರ್ ಇರುವವರು ಸುಡೊ ಪಟ್ಟಿ ನೋಡಿ, ಅಂದರೆ ರೂಟ್ (ಪೂರ್ತಿ ಅಧಿಕಾರದ ಅಕೌಂಟ್) ಹಕ್ಕಿನಲ್ಲಿ ಯಾರು ಯಾವ ಕಮಾಂಡ್ ನಡೆಸಬಹುದು ಅನ್ನುವ ಪಟ್ಟಿ. ಸರ್ವಿಸ್‌ನ ಸ್ಥಿತಿ ನೋಡಲು ಮಾತ್ರ ಅಂತ ಸಿಸ್ಟಮ್‌ಸಿಟಿಎಲ್ ಕಮಾಂಡ್‌ಗೆ ಸುಡೊ ಕೊಟ್ಟಿರುತ್ತಾರೆ. ಸರ್ವಿಸ್‌ಗಳನ್ನು ನಡೆಸುವ ಸಿಸ್ಟಮ್‌ಡಿಯ 247ಕ್ಕಿಂತ ಹಳೆಯ ಆವೃತ್ತಿಯಲ್ಲಿ ಆ ಸ್ಥಿತಿ ತೋರಿಸುವ ಪುಟದಿಂದಲೇ ರೂಟ್ ಶೆಲ್‌ಗೆ ಜಿಗಿಯಬಹುದಿತ್ತು, ಸಿವಿಇ-2023-26604 ಅದೇ. ಬೇರೆ ಯೂಸರ್ ಹಕ್ಕಿನಲ್ಲಿ ಪ್ರೋಗ್ರಾಂ ನಡೆಸುವ ಪಿಕೆಎಕ್ಸೆಕ್‌ನಲ್ಲಿ 2009ರಿಂದ ಇದ್ದ ದೋಷ 2022ರ ಜನವರಿಯಲ್ಲಿ ಬೆಳಕಿಗೆ ಬಂತು. ಹಳೆಯ ಸರ್ವರ್‌ಗೆ ಆ ಪ್ಯಾಚ್ ಹೋಗಿದೆಯಾ ಖಚಿತ ಮಾಡಿಕೊಳ್ಳಿ.

ಕೊನೆಗೆ ನೆಟ್‌ವರ್ಕ್ ಸ್ಕ್ಯಾನ್‌ಗೆ ಉಳಿಸಿಟ್ಟ ಅಕೌಂಟ್. "ಸುಮ್ನೆ ಕೆಲಸ ಆಗ್ಲಿ" ಅಂತ ಡೊಮೈನ್ ಅಡ್ಮಿನ್ ಹಾಕಿರುತ್ತಾರೆ. ಆಸ್ತಿ ಪಟ್ಟಿ ಮಾಡಲು ಅಷ್ಟು ಬೇಕಿಲ್ಲ. ತಯಾರಕರು ಹೇಳುವ ಕನಿಷ್ಠ ಹಕ್ಕಿನ ಬೇರೆ ಅಕೌಂಟ್ ಮಾಡಿ, ಹಳೆಯದರ ಪಾಸ್‌ವರ್ಡ್ ಬದಲಿಸಿ.

ಎಲ್ಲಿ ನಿಲ್ಲಿಸಬೇಕು

ಲಾಗ್ ಅಳಿಸಿದ ಗುರುತು, ಕೊಟ್ಟವರ ಹೆಸರಿಲ್ಲದ ಅಡ್ಮಿನ್, ಗುರುತಿಲ್ಲದ ಸರ್ವಿಸ್, ಡೊಮೈನ್ ಅಡ್ಮಿನ್ ಗ್ರೂಪ್‌ನಲ್ಲಿ ಹೊಸಬರು. ಇವುಗಳಲ್ಲಿ ಒಂದು ಕಂಡರೂ ನೀವೊಬ್ಬರೇ ಮುಂದುವರಿಯಬೇಡಿ. ಸರ್ವರ್ ಆಫ್ ಮಾಡಬೇಡಿ, ರೀಸ್ಟಾರ್ಟ್ ಮಾಡಬೇಡಿ, ಮೆಮೊರಿಯಲ್ಲಿದ್ದ ಸಾಕ್ಷ್ಯ ಹೋಗುತ್ತದೆ. ನೆಟ್‌ವರ್ಕ್ ಕೇಬಲ್ ಕಳಚಿ. ವರ್ಚುವಲ್ ಯಂತ್ರವಾದರೆ ಮೆಮೊರಿ ಸಮೇತ ಸ್ನ್ಯಾಪ್‌ಶಾಟ್ ತೆಗೆದು ನೆಟ್‌ವರ್ಕ್ ಕಡಿತ ಮಾಡಿ. ಲಾಗ್‌ಗಳನ್ನು ಬೇರೆ ಡಿಸ್ಕ್‌ಗೆ ಕಾಪಿ ಮಾಡಿ. ಪಾಸ್‌ವರ್ಡ್‌ಗಳನ್ನು ಬೇರೆ, ಶುದ್ಧ ಕಂಪ್ಯೂಟರ್‌ನಿಂದ ಬದಲಿಸಿ.

ಕೇಂದ್ರ ಸರ್ಕಾರದ ಸೈಬರ್ ಭದ್ರತಾ ಸಂಸ್ಥೆ ಸರ್ಟ್-ಇನ್‌ನ 2022ರ ಏಪ್ರಿಲ್ 28ರ ನಿರ್ದೇಶನದ ಪ್ರಕಾರ ಇಂಥ ಘಟನೆ ಗಮನಕ್ಕೆ ಬಂದ 6 ಗಂಟೆಯೊಳಗೆ ಅವರಿಗೆ ತಿಳಿಸಬೇಕು, ಲಾಗ್‌ಗಳನ್ನು 180 ದಿನ ಇಡಬೇಕು. ಪೂರ್ತಿ ತನಿಖೆ ಮುಗಿಯಲಿ ಅಂತ ಕಾಯಬೇಡಿ, ಗೊತ್ತಿದ್ದಷ್ಟು ಬರೆಯಿರಿ. ವರದಿ ಕಳಿಸುವ ನಿರ್ಧಾರ ಮ್ಯಾನೇಜ್‌ಮೆಂಟ್‌ನದು, ಆದರೆ ಗಡಿಯಾರ ಓಡುತ್ತಿದೆ ಅಂತ ಅವರಿಗೆ ಬರಹದಲ್ಲಿ ತಿಳಿಸುವುದು ನಿಮ್ಮ ಕೆಲಸ. ಹಣ ಹೋಗಿದ್ದರೆ ತಕ್ಷಣ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ. ಪೊಲೀಸ್ ದೂರಿಗೆ ಭೋಸರಿ, ಚಾಕಣದವರು ಪುಣೆ ಕಮಿಷನರೇಟ್‌ಗೆ ಹೋಗಬೇಕಿಲ್ಲ. 2018ರಿಂದ ಪಿಂಪ್ರಿ ಚಿಂಚವಡಕ್ಕೆ ಬೇರೆಯೇ ಪೊಲೀಸ್ ಕಮಿಷನರೇಟ್ ಇದೆ.

ಎಲ್ಲ ಸರಿಯಾದ ಮೇಲೆ ಆ ಟೆಸ್ಟ್ ಅಕೌಂಟ್‌ಗಳನ್ನು ನಿಷ್ಕ್ರಿಯ ಮಾಡಿ ಇಟ್ಟುಕೊಳ್ಳಿ. ಪ್ರತಿ ಅಪ್‌ಡೇಟ್ ಆದ ಮರುದಿನ ಅವನ್ನು ಆನ್ ಮಾಡಿ ಮೆನು, ಪ್ರೊಫೈಲ್ ಎಡಿಟ್, ಅಪ್ರೂವಲ್ ಮೂರನ್ನೂ ನೋಡಿ, ಮತ್ತೆ ಆಫ್ ಮಾಡಿ.